ನಿಧಾನ ಹೇಳುವವನ ಹೊಣೆ



ಎರಡು ದಿನಗಳ ಈ ವಿಚಾರ ಸಂಕಿರಣಕ್ಕೆ ಸಂಘಟಕರು ಆರಿಸಿಕೊಂಡಿರುವ ವಿಷಯ ಸುಲಭದ್ದಲ್ಲ. ಇರುವ ವ್ಯವಸ್ಥೆಯನ್ನು ಉಳಿಸಿಕೊಂಡೇ ತಿದ್ದಬೇಕು ಎಂಬ ನಿಲುವಿನಿಂದ ರಾಜಕೀಯ ಬರೆದವರ ಬದುಕು ಮತ್ತು ಬರಹವನ್ನು ನಾವು ನೋಡಬೇಕಾಗಿದೆ. ಬಂಡಾಯದ ಬರವಣಿಗೆಯ ಮೇಲೆ ನಮ್ಮ ವಿಶ್ವವಿದ್ಯಾಲಯಗಳಲ್ಲಿ ಸಾಕಷ್ಟು ಅಧ್ಯಯನ ನಡೆದಿದೆ, ನಡೆಯಬೇಕಾದ್ದೇ. ಸಂಪ್ರದಾಯದ ಕಡೆ ನಿಂತು ಬರೆದವರನ್ನು ಮಾತ್ರ ಕೆಲವರು ಪಟ ಕಟ್ಟಿಸಿ ಗೋಡೆಗೆ ಹಾಕಿದ್ದಾರೆ, ಇನ್ನು ಕೆಲವರು ಓದದೆಯೇ ಬದಿಗಿಟ್ಟಿದ್ದಾರೆ. ಅವರು ಹೇಳಿದ್ದೇನು, ಅದರಲ್ಲಿ ಯಾವುದು ಕಾಲದೆದುರು ನಿಂತಿತು, ಯಾವುದು ಬಿದ್ದುಹೋಯಿತು ಎಂದು ಕೂತು ನೋಡಿದವರು ಕಡಿಮೆ. ಆ ಕೆಲಸ ಇಲ್ಲಿಂದ ಶುರುವಾಗಲಿ ಎಂಬುದು ನನ್ನ ಆಶಯ.

ಬೆಂಗಳೂರಿನ ಸಭಾಂಗಣ ಬಿಟ್ಟು ಕೋಲಾರ ಸೀಮೆಯ ಈ ಕಾಮಸಮುದ್ರಕ್ಕೇ ಯಾಕೆ ಬರಬೇಕಿತ್ತು ಎಂದು ಒಬ್ಬರು ಸ್ನೇಹಿತರು ಕೇಳಿದರು. ಉತ್ತರ ಭೂಪಟದಲ್ಲೇ ಇದೆ. ಇಲ್ಲಿಂದ ಉತ್ತರಕ್ಕೆ ಮುಳಬಾಗಿಲು. 1887ರ ಮಾರ್ಚ್ 17ರಂದು ದೇವನಹಳ್ಳಿ ವೆಂಕಟರಮಣಯ್ಯ ಗುಂಡಪ್ಪನವರು, ಅಂದರೆ ನಮ್ಮ ಡಿವಿಜಿ, ಹುಟ್ಟಿದ್ದು ಅಲ್ಲಿ. ಪೂರ್ವಕ್ಕೆ ಕ್ಯಾಸಂಬಳ್ಳಿ. ಅದು ಮೈಸೂರಿನ ಮೊದಲ ಮುಖ್ಯಮಂತ್ರಿ ಕೆ. ಚೆಂಗಲರಾಯ ರೆಡ್ಡಿಯವರ ಊರು. ಗಡಿ ದಾಟಿ ಪಶ್ಚಿಮಕ್ಕೆ ಹೋದರೆ ಹೊಸೂರು ಸೀಮೆಯ ತೊರಪಳ್ಳಿ. 1878ರಲ್ಲಿ ರಾಜಾಜಿ ಹುಟ್ಟಿದ ಹಳ್ಳಿ ಅದು. ಅವರು ಕಾಲೇಜು ಓದಿದ್ದು ಬೆಂಗಳೂರಿನ ಸೆಂಟ್ರಲ್ ಕಾಲೇಜಿನಲ್ಲಿ. ಒಬ್ಬರು ಕೊನೆಯವರೆಗೂ ಬರೆದವರು, ಒಬ್ಬರು ಚಳವಳಿ ಕಟ್ಟಿ ಅಧಿಕಾರಕ್ಕೆ ಬಂದವರು, ಇನ್ನೊಬ್ಬರು ಅಧಿಕಾರದ ಎಲ್ಲ ಮೆಟ್ಟಿಲು ಹತ್ತಿಳಿದು ಮುಪ್ಪಿನಲ್ಲಿ ಮತ್ತೆ ಲೇಖನಿ ಹಿಡಿದವರು. ರಾಗಿ, ರೇಷ್ಮೆ, ಹಾಲು ನಂಬಿದ, ತೆಲುಗು, ತಮಿಳು, ಕನ್ನಡ ಮೂರೂ ಒಂದೇ ಜಗಲಿಯಲ್ಲಿ ಕೇಳಿಬರುವ ಈ ಸೀಮೆ ನಮಗೆ ಇಂಥ ಮೂವರನ್ನು ಹತ್ತಿರ ಹತ್ತಿರದಲ್ಲೇ ಕೊಟ್ಟಿದೆ. ಇವರಲ್ಲಿ ಇವತ್ತು ನಾನು ಹೆಚ್ಚಾಗಿ ಮಾತಾಡುವುದು ಡಿವಿಜಿಯವರ ಬಗ್ಗೆ. ಅದರಲ್ಲೂ ‘ಮಂಕುತಿಮ್ಮನ ಕಗ್ಗ’ದ ಕವಿಯನ್ನು ಸ್ವಲ್ಪ ಪಕ್ಕಕ್ಕಿಟ್ಟು, ಪತ್ರಕರ್ತ ಡಿವಿಜಿಯನ್ನು ನಿಮ್ಮ ಮುಂದಿಡಬೇಕೆಂದಿದ್ದೇನೆ. ಕಗ್ಗ ಪ್ರಕಟವಾದದ್ದು 1943ರಲ್ಲಿ. ಅದಕ್ಕೆ ಮೊದಲೇ ಅವರು ಮೂರೂವರೆ ದಶಕ ರಾಜಕೀಯ ಬರೆದಿದ್ದರು. ಇದನ್ನು ನಾವು ಮರೆತೇಬಿಟ್ಟಿದ್ದೇವೆ.

ಅವರ ವೃತ್ತಿಯ ಆರಂಭ ನೋಡಿ. ಮೆಟ್ರಿಕ್ಯುಲೇಷನ್ ದಾಟಲಾಗಲಿಲ್ಲ. ಕೆಲವು ಕಾಲ ಮುಳಬಾಗಿಲಿನ ಶಾಲೆಯಲ್ಲಿ ಹಂಗಾಮಿ ಮೇಷ್ಟರಾಗಿದ್ದರು. ಆಮೇಲೆ ಇದೇ ಕೆಜಿಎಫ್‌ನ ಸೋಡಾ ಕಾರ್ಖಾನೆಯಲ್ಲಿ ಕೆಲಸ. ಜಾನ್ ಟೇಲರ್ ಕಂಪನಿಯವರ ಆಡಳಿತದಲ್ಲಿ ಅಲ್ಲಿಯ ಚಿನ್ನದ ಗಣಿ ಭರದಿಂದ ನಡೆಯುತ್ತಿದ್ದ ಕಾಲ ಅದು. ಶಿವನಸಮುದ್ರದಿಂದ 1902ರಲ್ಲಿ ಕರೆಂಟು ಬಂದಿತ್ತು, ಬೆಂಗಳೂರಿನ ಬೀದಿಗಳಿಗೆ ದೀಪ ಬರುವುದಕ್ಕೂ ಮೊದಲು. ಅಲ್ಲಿಂದ ಬೆಂಗಳೂರಿಗೆ ಹೋದ ಹುಡುಗ ಜಟಕಾ ಬಂಡಿಗಳಿಗೆ ಬಣ್ಣ ಬಳಿಯುವ ಕೆಲಸವನ್ನೂ ಮಾಡಿದರು. ‘ಸೂರ್ಯೋದಯ ಪ್ರಕಾಶಿಕೆ’ ಎಂಬ ಪತ್ರಿಕೆಯಲ್ಲಿ ಬರೆಯುವ ಅವಕಾಶ ಸಿಕ್ಕಿದಾಗ ಅವರಿಗೆ ಇಪ್ಪತ್ತರ ಆಸುಪಾಸು ವಯಸ್ಸು. ಆಮೇಲೆ ‘ವೀರಕೇಸರಿ’, ‘ಈವನಿಂಗ್ ಮೇಲ್’, ‘ಮೈಸೂರು ಟೈಮ್ಸ್’ ಹೀಗೆ ಪತ್ರಿಕೆಯಿಂದ ಪತ್ರಿಕೆಗೆ ಅಲೆದಾಟ. ಇಂಗ್ಲಿಷಾಗಲಿ, ಸಂಸ್ಕೃತವಾಗಲಿ, ರಾಜ್ಯಾಂಗ ಕಾನೂನಾಗಲಿ ಪದವಿಯ ಮೂಲಕ ಬಂದದ್ದಲ್ಲ, ರಾತ್ರಿ ಓದಿ ಸಂಪಾದಿಸಿದ್ದು. ಸಂಪ್ರದಾಯವಾದಿ ಎಂದರೆ ಅನುಕೂಲಸ್ಥರ ಮನೆಯ ಕೂಸು ಎಂದು ನಮ್ಮಲ್ಲಿ ಒಂದು ಕಲ್ಪನೆಯಿದೆ. ಈ ವೃತ್ತಾಂತ ಅದಕ್ಕೆ ಒಗ್ಗುವುದಿಲ್ಲ.

ಅವರು ಈ ಕಸುಬಿಗೆ ಇಳಿದ ಹೊತ್ತೂ ಒಳ್ಳೆಯದಾಗಿರಲಿಲ್ಲ. 1908ರಲ್ಲಿ ದಿವಾನ್ ವಿ.ಪಿ. ಮಾಧವರಾಯರ ಕಾಲದಲ್ಲಿ ಮೈಸೂರು ಸಂಸ್ಥಾನ ವೃತ್ತಪತ್ರಿಕೆಗಳ ಮೇಲೆ ಕಾಯಿದೆ ತಂದಿತು. ಸರ್ಕಾರದ ಅಪ್ಪಣೆಯಿಲ್ಲದೆ ಪತ್ರಿಕೆ ನಡೆಸುವಂತಿಲ್ಲ. ಕೊಟ್ಟ ಅಪ್ಪಣೆಯನ್ನು ಸರ್ಕಾರ ಯಾವಾಗ ಬೇಕಾದರೂ ಹಿಂತೆಗೆದುಕೊಳ್ಳಬಹುದು. ತಾತಯ್ಯನೆಂದೇ ಹೆಸರಾಗಿದ್ದ ಎಂ. ವೆಂಕಟಕೃಷ್ಣಯ್ಯನವರು ಪ್ರತಿಭಟಿಸಿ ತಮ್ಮ ಪತ್ರಿಕೆಗಳನ್ನೇ ನಿಲ್ಲಿಸಿದರು. ಐದು ವರ್ಷದ ನಂತರ, 1913ರ ಏಪ್ರಿಲ್‌ನಲ್ಲಿ, ಅದೇ ಕಾಯಿದೆಯ ನೆರಳಿನಲ್ಲಿ ಡಿವಿಜಿ ‘ಕರ್ನಾಟಕ’ ಎಂಬ ಇಂಗ್ಲಿಷ್ ಪತ್ರಿಕೆ ಶುರುಮಾಡಿದರು, ವಾರಕ್ಕೆ ಎರಡು ಸಂಚಿಕೆ. ಆಗ ದಿವಾನರಾಗಿದ್ದವರು ವಿಶ್ವೇಶ್ವರಯ್ಯನವರು. ದಿವಾನರಿಗೂ ಸಂಪಾದಕರಿಗೂ ಒಬ್ಬರ ಮೇಲೊಬ್ಬರಿಗೆ ಗೌರವವಿತ್ತು, ಸ್ನೇಹವೂ ಬೆಳೆಯಿತು. ಹಾಗಿದ್ದೂ ಸಂಪಾದಕರು ದಿವಾನರ ಬಾಯಿಯಾಗಲಿಲ್ಲ. ಸರ್ಕಾರ ದಸರೆಗೆ ಕರೆದ ಪತ್ರಕರ್ತರಿಗೆ ಹಣ ಕಳಿಸಿದಾಗ ಡಿವಿಜಿ ಒಪ್ಪಲಿಲ್ಲವೆಂದೂ, ಸರ್ಕಾರದಿಂದ ಬಂದ ಚೆಕ್ಕುಗಳು ನಗದಾಗದೆ ಅವರ ಪೆಟ್ಟಿಗೆಯಲ್ಲೇ ಉಳಿದಿದ್ದವೆಂದೂ ಹೇಳುವ ಕಥೆ ನಿಮಗೆಲ್ಲ ಗೊತ್ತು. ಈ ಕಥೆಯನ್ನು ನಾವು ಬರೀ ತ್ಯಾಗದ ಕಥೆಯಾಗಿ ಹೇಳುತ್ತೇವೆ. ನನಗೆ ಅದು ಕಸುಬಿನ ನಿಯಮವಾಗಿ ಕಾಣುತ್ತದೆ. ಅರಸೊತ್ತಿಗೆ ಉಳಿಯಬೇಕು ಎಂದು ವಾದಿಸುವವನು ಅರಮನೆಯ ದುಡ್ಡು ಮುಟ್ಟಿದರೆ ಆ ವಾದಕ್ಕೆ ಕಾಸಿನ ಬೆಲೆಯಿಲ್ಲ. ವ್ಯವಸ್ಥೆಯನ್ನು ಬೈಯುವವನು ಹಣ ತೆಗೆದುಕೊಂಡರೆ ಕಳ್ಳನೆನಿಸಿಕೊಳ್ಳಬಹುದು. ವ್ಯವಸ್ಥೆಯ ಪರ ಬರೆಯುವವನು ತೆಗೆದುಕೊಂಡರೆ ಅವನ ಇಡೀ ವಿಚಾರವೇ ಬಾಡಿಗೆಯದಾಗಿಬಿಡುತ್ತದೆ. ಈ ಅಪಾಯ ಎರಡನೆಯವನಿಗೆ ಹೆಚ್ಚು. ಹಾಗಾಗಿ ಎಚ್ಚರವೂ ಅವನಿಗೇ ಹೆಚ್ಚು ಬೇಕು.

ಇನ್ನು ಅವರು ಬರೆದದ್ದೇನು? ದಿವಾನ್ ರಂಗಾಚಾರ್ಲು ಅವರ ಮೇಲೆ ಬರೆದರು. 1881ರಲ್ಲಿ 144 ಮಂದಿಯ ಪ್ರಜಾಪ್ರತಿನಿಧಿ ಸಭೆ ಕರೆದ ದಿವಾನರು ಅವರು. ರೈತರು, ವರ್ತಕರು ವರ್ಷಕ್ಕೊಮ್ಮೆ ದಿವಾನರ ಎದುರು ಕುಳಿತು ಅಹವಾಲು ಹೇಳಿಕೊಳ್ಳುವ ಸಭೆ ಅದು. ಅಧಿಕಾರವೇನೂ ಇರಲಿಲ್ಲ, ಹೇಳಿಕೊಳ್ಳುವ ಹಕ್ಕು ಮಾತ್ರ ಇತ್ತು. ಡಿವಿಜಿಯವರ ರಾಜಕೀಯಕ್ಕೆ ಬೀಜ ಇಲ್ಲಿದೆ ಎಂದು ನನ್ನ ತಿಳಿವಳಿಕೆ. ನಮ್ಮಲ್ಲೇ ಹುಟ್ಟಿದ, ನಮ್ಮ ಜನಕ್ಕೆ ರೂಢಿಯಾದ ಒಂದು ಸಂಸ್ಥೆ ಇದೆಯಲ್ಲ, ಅದಕ್ಕೆ ಇನ್ನಷ್ಟು ಹಕ್ಕು ಕೊಡಿ, ಇನ್ನಷ್ಟು ಹೊಣೆ ಕೊಡಿ, ಬೆಳೆಸಿ. ಕಿತ್ತು ಬೇರೆ ನೆಡಬೇಡಿ. ಗೋಪಾಲಕೃಷ್ಣ ಗೋಖಲೆಯವರಿಂದ ಅವರು ಕಲಿತದ್ದೂ ಇದನ್ನೇ. ಗೋಖಲೆ ತೀರಿಕೊಂಡದ್ದು 1915ರಲ್ಲಿ. ಡಿವಿಜಿ ಅವರ ಮೇಲೆ ಕನ್ನಡದಲ್ಲಿ ಪುಸ್ತಕ ಬರೆದರು, ಬದುಕಿನುದ್ದಕ್ಕೂ ಅವರನ್ನೇ ಗುರುವೆಂದು ಭಾವಿಸಿದರು. ಸಾರ್ವಜನಿಕ ಜೀವನಕ್ಕೂ ಒಂದು ಆಧ್ಯಾತ್ಮಿಕ ಶಿಸ್ತು ಬೇಕು ಎಂಬ ಗೋಖಲೆಯವರ ಮಾತು ಡಿವಿಜಿಯವರ ಪಾಲಿಗೆ ದೀಕ್ಷೆಯಂತಿತ್ತು.

ಆದರೆ ಅವರ ದೊಡ್ಡ ಕೊಡುಗೆ ಬೇರೆಯಿದೆ, ಅದನ್ನು ನಾವು ಇನ್ನೂ ಸರಿಯಾಗಿ ಗುರುತಿಸಿಲ್ಲ. ಆಗಿನ ಹಿಂದೂಸ್ಥಾನದಲ್ಲಿ ಎರಡು ಭಾಗಗಳಿದ್ದವು. ಬ್ರಿಟಿಷರು ನೇರವಾಗಿ ಆಳುತ್ತಿದ್ದ ಪ್ರಾಂತಗಳು ಒಂದು ಕಡೆ, ಐನೂರಕ್ಕೂ ಹೆಚ್ಚು ದೇಶೀಯ ಸಂಸ್ಥಾನಗಳು ಇನ್ನೊಂದು ಕಡೆ. 1917ರಲ್ಲಿ ಮಾಂಟೆಗು ಘೋಷಣೆ ಬಂತು, 1921ರಲ್ಲಿ ಅರಸರ ಮಂಡಲ ಬಂತು, 1927ರಲ್ಲಿ ಬಟ್ಲರ್ ಸಮಿತಿ ಬಂತು. ಈ ಎಲ್ಲ ಮಾತುಕತೆಗಳಲ್ಲಿ ಬ್ರಿಟಿಷ್ ಸರ್ಕಾರಕ್ಕೆ ಬಾಯಿತ್ತು, ಪ್ರಾಂತಗಳ ಮುಖಂಡರಿಗೆ ಬಾಯಿತ್ತು, ಮಹಾರಾಜರಿಗೂ ಇತ್ತು. ಸಂಸ್ಥಾನಗಳ ಪ್ರಜೆಗಳಿಗೆ ಮಾತ್ರ ಇರಲಿಲ್ಲ. ಮೈಸೂರಿನ, ತಿರುವಾಂಕೂರಿನ, ಹೈದರಾಬಾದಿನ ಕೋಟ್ಯಂತರ ಜನ ತಮ್ಮ ಅರಸನ ಆಸ್ತಿಯ ಜೊತೆ ಸೇರಿಕೊಂಡವರ ಹಾಗೆ ಲೆಕ್ಕಕ್ಕೆ ಬರುತ್ತಿದ್ದರು. ಇದು ಅನ್ಯಾಯ, ಮುಂದಿನ ಭಾರತದ ರಾಜ್ಯಾಂಗದಲ್ಲಿ ಸಂಸ್ಥಾನದ ಪ್ರಜೆ ನೇರ ಪಾಲುದಾರನಾಗಬೇಕು ಎಂದು ಡಿವಿಜಿ ಲೇಖನದ ಮೇಲೆ ಲೇಖನ, ಪುಸ್ತಕದ ಮೇಲೆ ಪುಸ್ತಕ ಬರೆದರು. ಅದಕ್ಕೆ ಅವರು ಹಿಡಿದ ದಾರಿ ಘೋಷಣೆಯದ್ದಲ್ಲ. 1881ರ ರಾಜ್ಯ ಹಸ್ತಾಂತರದ ಪತ್ರ ಏನು ಹೇಳುತ್ತದೆ, 1913ರ ಒಪ್ಪಂದ ಏನನ್ನು ಬದಲಾಯಿಸಿತು, ಸಾರ್ವಭೌಮ ಸರ್ಕಾರಕ್ಕೂ ಅರಸನಿಗೂ ಇರುವ ಸಂಬಂಧದಲ್ಲಿ ಪ್ರಜೆಯ ಹಕ್ಕು ಎಲ್ಲಿ ಅಡಗಿದೆ, ಇಂಥವನ್ನು ಕಲಮು ಕಲಮಾಗಿ ಬಿಡಿಸಿಟ್ಟರು. ಇಂಗ್ಲಿಷಿನಲ್ಲಿ ಬರೆದದ್ದು ದೆಹಲಿಗೂ ಲಂಡನ್ನಿಗೂ ತಲುಪಲಿ ಎಂದು. ಸಂಸ್ಥಾನಗಳ ವಿಷಯದಲ್ಲಿ ಕಾಂಗ್ರೆಸ್ಸೇ ದೂರ ನಿಂತಿದ್ದ ವರ್ಷಗಳಲ್ಲಿ, ಅರಸೊತ್ತಿಗೆಯನ್ನು ಗೌರವಿಸುವ ಈ ಮನುಷ್ಯ ಸಂಸ್ಥಾನದ ಪ್ರಜೆಯ ವಕೀಲನಾಗಿದ್ದ ಎಂಬುದನ್ನು ವಿದ್ಯಾರ್ಥಿಗಳು ಗಮನಿಸಬೇಕು.

‘ಕರ್ನಾಟಕ’ 1921ರಲ್ಲಿ ನಿಂತಿತು. ಆಮೇಲೆ ಕನ್ನಡದಲ್ಲಿ ಮಾಸಪತ್ರಿಕೆ ನಡೆಸಿದರು. 1928ರಲ್ಲಿ ಬಾಗಲಕೋಟೆಯಲ್ಲಿ ಸೇರಿದ ಪತ್ರಕರ್ತರ ಸಮ್ಮೇಳನಕ್ಕೆ ಅಧ್ಯಕ್ಷರಾದರು. ‘ವೃತ್ತಪತ್ರಿಕೆ’ ಎಂಬ ಪುಸ್ತಕ ಬರೆದರು. 1920ರ ದಶಕದ ಕೊನೆಯಿಂದ 1940ರವರೆಗೆ ಮೈಸೂರು ನ್ಯಾಯವಿಧಾಯಕ ಸಭೆಯ ಸದಸ್ಯರಾಗಿದ್ದರು. 1932ರಲ್ಲಿ ಮಡಿಕೇರಿಯ ಸಾಹಿತ್ಯ ಸಮ್ಮೇಳನಕ್ಕೆ ಅಧ್ಯಕ್ಷರಾದರು. ಈ ಪಟ್ಟಿ ನಿಮಗೆ ಎಲ್ಲಿ ಬೇಕಾದರೂ ಸಿಗುತ್ತದೆ, ಉದ್ದ ಮಾಡುವುದಿಲ್ಲ.

ನಿಲ್ಲಬೇಕಾದ ಜಾಗ 1938. ಆಗ ಕೋಲಾರ ಜಿಲ್ಲೆಗೇ ಸೇರಿದ್ದ ಗೌರಿಬಿದನೂರಿನ ಹತ್ತಿರದ ವಿದುರಾಶ್ವತ್ಥದಲ್ಲಿ ಏಪ್ರಿಲ್ 25ರಂದು, ಜಾತ್ರೆಯ ಸಮಯದಲ್ಲಿ ಧ್ವಜ ಹಾರಿಸಲು ಸೇರಿದ ಜನರ ಮೇಲೆ ಪೊಲೀಸರು ಗುಂಡು ಹಾರಿಸಿದರು. ಹಲವರು ಸತ್ತರು. ಅದಾದ ಕೆಲವೇ ವಾರಗಳಲ್ಲಿ ದಿವಾನ್ ಮಿರ್ಜಾ ಇಸ್ಮಾಯಿಲರೂ ಸರ್ದಾರ್ ಪಟೇಲರೂ ಮಾತಾಡಿ ಒಪ್ಪಂದಕ್ಕೆ ಬಂದರು. ಮೈಸೂರು ಕಾಂಗ್ರೆಸ್ಸಿಗೆ ಮಾನ್ಯತೆ ಸಿಕ್ಕಿತು. ಮೈಸೂರಿನ ಧ್ವಜದ ಜೊತೆ ರಾಷ್ಟ್ರಧ್ವಜವನ್ನೂ ಹಾರಿಸಬಹುದು ಎಂದಾಯಿತು. ವರ್ಷಗಟ್ಟಲೆ ಮನವಿ, ಲೇಖನ, ಸಭಾ ಚರ್ಚೆಗಳಿಂದ ಸಿಗದದ್ದು ಹಳ್ಳಿಗರ ರಕ್ತ ಬಿದ್ದ ಮೇಲೆ ಸಿಕ್ಕಿತು. ನಿಧಾನವಾಗಿ, ಸಂವಿಧಾನಬದ್ಧವಾಗಿ ಹೋಗೋಣ ಎನ್ನುವ ಪ್ರತಿಯೊಬ್ಬ ಲೇಖಕನೂ ಈ ಒಂದು ಸಂಗತಿಗೆ ಉತ್ತರ ಕೊಡಬೇಕು. ಉತ್ತರ ಇಲ್ಲವೆಂದು ನಾನು ಹೇಳುತ್ತಿಲ್ಲ. ಆಳುವವರು ಒಳ್ಳೆಯ ಮಾತು ಕೇಳಿದ್ದರೆ ಗುಂಡಿನವರೆಗೆ ಹೋಗುವ ಅಗತ್ಯವೇ ಬರುತ್ತಿರಲಿಲ್ಲ ಎಂಬುದು ಒಂದು ಉತ್ತರ. ಅದು ನಿಜ ಕೂಡ. ಆದರೆ ಕೇಳಲಿಲ್ಲವಲ್ಲ. ಆಗ ಕಾಯುತ್ತ ಕೂರುವ ಖರ್ಚು ಯಾರ ತಲೆಯ ಮೇಲೆ ಬಿತ್ತು?

ಕ್ಯಾಸಂಬಳ್ಳಿಯ ಚೆಂಗಲರಾಯ ರೆಡ್ಡಿಯವರು ಇನ್ನೊಂದು ದಾರಿ ಹಿಡಿದವರು. 1947ರಲ್ಲಿ ದೇಶ ಸ್ವತಂತ್ರವಾದರೂ ಮೈಸೂರಿನಲ್ಲಿ ಜವಾಬ್ದಾರಿ ಸರ್ಕಾರ ಬರಲಿಲ್ಲ. ‘ಮೈಸೂರು ಚಲೋ’ ನಡೆದು ಜೈಲುಗಳು ತುಂಬಿದ ಮೇಲೆ, ಅಕ್ಟೋಬರ್ 25ರಂದು ರೆಡ್ಡಿಯವರ ಸಂಪುಟ ಅಧಿಕಾರಕ್ಕೆ ಬಂತು. ಜವಾಬ್ದಾರಿ ಸರ್ಕಾರ ಬೇಕೆಂದು ಡಿವಿಜಿಯವರೂ ಬರೆದವರೇ. ಗುರಿಯಲ್ಲಿ ಇಬ್ಬರಿಗೂ ಅಂಥ ಭೇದವಿರಲಿಲ್ಲ. ಒಬ್ಬರು ಅದನ್ನು ವಾದದಿಂದ ತರಬೇಕೆಂದರು, ಇನ್ನೊಬ್ಬರು ಬೀದಿಯಿಂದ ತಂದರು. ಆದರೆ ಬಂದ ಸರ್ಕಾರಕ್ಕೆ ಸಂವಿಧಾನ, ಕಾನೂನು, ಸಭೆಯ ನಡಾವಳಿ ಎಲ್ಲ ಬೇಕಾದಾಗ, ಅರವತ್ತಾರು ವರ್ಷ ಹಿಂದೆ ಶುರುವಾದ ಪ್ರಜಾಪ್ರತಿನಿಧಿ ಸಭೆಯ ಅಭ್ಯಾಸ ಮೈಸೂರಿಗೆ ಇತ್ತು, ಇತರ ಎಷ್ಟೋ ಸಂಸ್ಥಾನಗಳಿಗೆ ಇರಲಿಲ್ಲ. ಬೀದಿ ಅಧಿಕಾರ ಕೊಡಿಸಿತು, ಅಭ್ಯಾಸ ಆಡಳಿತ ನಡೆಸಲು ನೆರವಾಯಿತು. ಇವೆರಡರಲ್ಲಿ ಒಂದನ್ನೇ ಎತ್ತಿ ಹೇಳುವ ಪ್ರಬಂಧಗಳು ಈ ಎರಡು ದಿನಗಳಲ್ಲಿ ಬರಬಾರದು ಎಂದು ಕೇಳಿಕೊಳ್ಳುತ್ತೇನೆ.

ಗಣಿಯ ಮಾತು ಎತ್ತದೆ ಈ ಸೀಮೆಯಲ್ಲಿ ಯಾರೂ ರಾಜಕೀಯ ಮಾತಾಡಲಾರರು. 1930ರಲ್ಲಿ ಕಂಪನಿಯವರು ಕಾರ್ಮಿಕರ ಬೆರಳಚ್ಚು ತೆಗೆದು ದಾಖಲೆ ಮಾಡಲು ಹೊರಟಾಗ ಸಾವಿರಾರು ಜನ ಕೆಲಸ ನಿಲ್ಲಿಸಿದರು. ಅಪರಾಧಿಗಳ ಹಾಗೆ ನಮ್ಮನ್ನು ಗುರುತು ಹಾಕಬೇಡಿ ಎಂದು ಅವರು ಕೇಳಿದ್ದು ಕೂಲಿಗಿಂತ ಮೊದಲು ಮರ್ಯಾದೆಯನ್ನು. ಆ ಕಾರ್ಮಿಕರಲ್ಲಿ ಹೆಚ್ಚಿನವರು ತಮಿಳು ಸೀಮೆಯಿಂದ, ಚಿತ್ತೂರಿನ ಕಡೆಯಿಂದ ಬಂದ ದಲಿತರು. ಶಾಫ್ಟಿನೊಳಗೆ ಇಳಿದು, ಹೊರಬಂದು, ಲೈನಿನ ಒಂದು ಕೋಣೆಯಲ್ಲಿ ಸಂಸಾರ ಮಾಡಿದವರು. ಹುಟ್ಟಿನಿಂದಲೇ ಕೆಳಗಿಟ್ಟಿದ್ದ ಊರನ್ನು ಬಿಟ್ಟು ಬಂದ ಅವರಿಗೆ ಪರಂಪರೆ ಉಳಿಸಿಕೊಳ್ಳಿ ಎಂದು ಯಾವ ಬಾಯಿಂದ ಹೇಳುವುದು? ಸಂಪ್ರದಾಯದ ಪರ ಬರೆಯುವವರು ಈ ಪ್ರಶ್ನೆಯ ಮುಂದೆ ನಿಂತು ಬರೆಯಬೇಕು, ಪಕ್ಕದಿಂದ ಹಾದುಹೋಗಬಾರದು. 1918ರಲ್ಲಿ ಹಿಂದುಳಿದ ವರ್ಗಗಳ ವಿಷಯವಾಗಿ ಮಿಲ್ಲರ್ ಸಮಿತಿ ನೇಮಕವಾದಾಗ, ವಿಶ್ವೇಶ್ವರಯ್ಯನವರು ದಿವಾನಗಿರಿಯಿಂದ ಇಳಿದಾಗ, ಮೈಸೂರಿನ ಓದಿದ ವರ್ಗ ಹೇಗೆ ಬರೆಯಿತು, ಯಾವ ಪದಗಳನ್ನು ಬಳಸಿತು ಎಂದು ಆ ಕಾಲದ ‘ಕರ್ನಾಟಕ’ವನ್ನೂ ಉಳಿದ ಪತ್ರಿಕೆಗಳನ್ನೂ ಬಿಡಿಸಿಟ್ಟುಕೊಂಡು ನೋಡುವ ಒಬ್ಬ ಸಂಶೋಧಕ ಈ ಸಭೆಯಿಂದ ಹೊರಡಬೇಕು. ಡಿವಿಜಿಯವರ ಮೇಲೆ ನನಗಿರುವ ಗೌರವ ಈ ಪ್ರಶ್ನೆಯನ್ನು ತಡೆಯುವುದಿಲ್ಲ. ಆ ಗೌರವದಿಂದಲೇ ಇದನ್ನು ಕೇಳುತ್ತಿದ್ದೇನೆ.

ಅವರ ಬಗ್ಗೆ ಇನ್ನೊಂದು ಮಾತು ಇದೇ ಉಸಿರಿನಲ್ಲಿ ಹೇಳಬೇಕು. ‘ಜ್ಞಾಪಕ ಚಿತ್ರಶಾಲೆ’ಯ ಎಂಟು ಸಂಪುಟಗಳನ್ನು ನೀವು ಓದಿರಬಹುದು. ಅದರಲ್ಲಿ ದಿವಾನರು ಬರುತ್ತಾರೆ, ವಿದ್ವಾಂಸರು ಬರುತ್ತಾರೆ, ಮುಳಬಾಗಿಲಿನ ಬೀದಿಯ ಜನ ಬರುತ್ತಾರೆ. ಸಮಾಜ ಮೂಗು ಮುರಿಯುತ್ತಿದ್ದ ಗಾಯಕಿಯರು, ನರ್ತಕಿಯರು ಬರುತ್ತಾರೆ. ಅವರನ್ನು ಚಿತ್ರಿಸುವಾಗ ಡಿವಿಜಿಯವರ ಲೇಖನಿಯಲ್ಲಿ ಎಲ್ಲೂ ಕೆಳಮುಖದ ನೋಟವಿಲ್ಲ, ಕಲೆಗೆ ಕೊಡಬೇಕಾದ ಗೌರವ ಪೂರ್ತಿಯಾಗಿದೆ. ತಾವು ಹಿಂದೆ ಟೀಕಿಸಿದ್ದ ಅಧಿಕಾರಿಗಳ ಬಗ್ಗೆ ಬರೆಯುವಾಗಲೂ ಅವರ ಗುಣವನ್ನು ಬಚ್ಚಿಡುವುದಿಲ್ಲ. ಭಿನ್ನಾಭಿಪ್ರಾಯವಿದ್ದವನ ಬಗ್ಗೆ ನ್ಯಾಯವಾಗಿ ಬರೆಯುವುದು ಎಷ್ಟು ಕಷ್ಟ ಎಂಬುದು ದಿನಾ ಕಾಲಂ ಬರೆಯುವ ಇಲ್ಲಿನ ಪತ್ರಕರ್ತರಿಗೆ ಗೊತ್ತು. ಇವತ್ತಿನ ರಾಜಕೀಯ ವ್ಯಾಖ್ಯಾನದಲ್ಲಿ, ಬಲದಲ್ಲೂ ಎಡದಲ್ಲೂ, ಮೊದಲು ಕೈಬಿಟ್ಟುಹೋದದ್ದು ಇದೇ. ಎದುರಾಳಿಯ ಹೆಸರು ಕೇಳಿದ ಕೂಡಲೇ ಬೈಗುಳ ಸಿದ್ಧವಾಗಿರುತ್ತದೆ, ಅವನು ಹೇಳಿದ ವಾಕ್ಯವನ್ನು ಪೂರ್ತಿಯಾಗಿ ಓದುವ ವ್ಯವಧಾನ ಇರುವುದಿಲ್ಲ. ಸಂಪ್ರದಾಯದ ಹೆಸರು ಹೇಳಿಕೊಂಡು ಈ ಭಾಷೆ ಆಡುವವರನ್ನು ಕಂಡರೆ ನನಗೆ ಹೆಚ್ಚು ನೋವಾಗುತ್ತದೆ. ಮಾತಿನ ಮರ್ಯಾದೆಯೂ ನಾವು ಉಳಿಸಿಕೊಳ್ಳಬೇಕೆನ್ನುವ ಪರಂಪರೆಯದ್ದೇ ಅಲ್ಲವೇ?

ರಾಜಾಜಿಯವರ ಬಗ್ಗೆ ನಾಳೆ ಬೇರೆ ಗೋಷ್ಠಿಯೇ ಇದೆ. ನಾನು ಸೂಚನೆ ಮಾತ್ರ ಕೊಡುತ್ತೇನೆ. ಗವರ್ನರ್ ಜನರಲ್ ಆಗಿದ್ದವರು, ಎಂಬತ್ತು ದಾಟಿದ ಮೇಲೆ 1959ರಲ್ಲಿ ಸ್ವತಂತ್ರ ಪಕ್ಷ ಕಟ್ಟಿದರು. 1956ರಲ್ಲಿ ಶುರುವಾಗಿದ್ದ ‘ಸ್ವರಾಜ್ಯ’ ವಾರಪತ್ರಿಕೆಯಲ್ಲಿ ವಾರ ವಾರವೂ ಬರೆದರು. ಪರ್ಮಿಟ್ಟು, ಲೈಸೆನ್ಸು, ಕೋಟಾಗಳ ಆಡಳಿತ ಎಂದು ಅವರು ಕೊಟ್ಟ ಹೆಸರು ಇವತ್ತಿಗೂ ಬಳಕೆಯಲ್ಲಿದೆ. ಅದೇ ಕಾಲದಲ್ಲಿ ಬೆಂಗಳೂರಿನಿಂದ ‘ಮೈಸಿಂಡಿಯಾ’ ಎಂಬ ಇಂಗ್ಲಿಷ್ ವಾರಪತ್ರಿಕೆ ಬರುತ್ತಿತ್ತು, ಅದರ ಸಂಪಾದಕ ಫಿಲಿಪ್ ಸ್ಪ್ರಾಟ್. 1920ರ ದಶಕದಲ್ಲಿ ಕಮ್ಯುನಿಸ್ಟ್ ಆಗಿ ಇಂಗ್ಲೆಂಡಿನಿಂದ ಬಂದು, ಮೀರತ್ ಒಳಸಂಚಿನ ಮೊಕದ್ದಮೆಯಲ್ಲಿ ಜೈಲು ಕಂಡು, ಜೈಲಿನ ಓದಿನಿಂದ ಮತ್ತು ಮುಂದಿನ ಅನುಭವದಿಂದ ಪೂರ್ತಿ ವಿರುದ್ಧ ದಿಕ್ಕಿಗೆ ಬಂದು, ಇಲ್ಲಿಯೇ ಮದುವೆಯಾಗಿ ನೆಲೆಸಿದ ಮನುಷ್ಯ. ನೆಹರೂ ಯುಗದ ಯೋಜನೆಗಳ ಮೇಲೆ ಕರ್ನಾಟಕದ ನೆಲದಿಂದ ಬಂದ ಗಟ್ಟಿ ಟೀಕೆಗಳಲ್ಲಿ ಅವರದ್ದೂ ಸೇರಿದೆ. ನಮ್ಮ ಪತ್ರಿಕಾ ಇತಿಹಾಸದ ಪಠ್ಯಗಳಲ್ಲಿ ಅವರ ಹೆಸರು ಕಾಣುವುದೇ ಅಪರೂಪ. ಯಾರಾದರೂ ಈ ಎಳೆ ಹಿಡಿಯಬೇಕು.

ಡಿವಿಜಿ ಮಾತ್ರ ಪಕ್ಷ ಕಟ್ಟಲಿಲ್ಲ, ಓದುವ ಮನೆ ಕಟ್ಟಿದರು. 1945ರ ಫೆಬ್ರವರಿ 18ರಂದು ಗೋಖಲೆ ಸಾರ್ವಜನಿಕ ವಿಚಾರ ಸಂಸ್ಥೆ ಆರಂಭವಾಯಿತು, ಉದ್ಘಾಟಿಸಿದವರು ವಿ.ಎಸ್. ಶ್ರೀನಿವಾಸ ಶಾಸ್ತ್ರಿಗಳು. ಬಸವನಗುಡಿ ಕಡೆಯ ಬುಲ್ ಟೆಂಪಲ್ ರಸ್ತೆಯಲ್ಲಿ ಇವತ್ತಿಗೂ ಅದು ನಡೆಯುತ್ತಿದೆ. 1970ರಲ್ಲಿ ರವೀಂದ್ರ ಕಲಾಕ್ಷೇತ್ರದಲ್ಲಿ ಸನ್ಮಾನ ಮಾಡಿ ನಾಡಿನ ಜನ ಕೊಟ್ಟ 90,000 ರೂಪಾಯಿ ನಿಧಿಯನ್ನು ಅವರು ಅದೇ ಸಂಸ್ಥೆಗೆ ಕೊಟ್ಟುಬಿಟ್ಟರು. ಅಲ್ಲಿ ಬಜೆಟ್ಟು ಓದುತ್ತಿದ್ದರು, ಮಸೂದೆ ಓದುತ್ತಿದ್ದರು, ಶೇಕ್ಸ್‌ಪಿಯರನನ್ನೂ ಗೀತೆಯನ್ನೂ ಓದುತ್ತಿದ್ದರು. ಪ್ರಜೆಗೆ ಮತ ಸಿಕ್ಕಿದರೆ ಸಾಲದು, ಮತ ಹಾಕುವ ಮೊದಲು ತಿಳಿಯಬೇಕಾದದ್ದೂ ಸಿಗಬೇಕು ಎಂಬುದು ಅವರ ಹಟವಾಗಿತ್ತು. ‘ರಾಜ್ಯಶಾಸ್ತ್ರ’ ಪ್ರಕಟವಾದದ್ದು 1950ರ ದಶಕದ ಆರಂಭದಲ್ಲಿ. 1951ರ ಕೊನೆಯಲ್ಲೇ ದೇಶದ ಮೊದಲ ಮಹಾಚುನಾವಣೆ ಶುರುವಾಗಿತ್ತು. ಮತಪೆಟ್ಟಿಗೆಯೂ ಕನ್ನಡದ ರಾಜ್ಯಶಾಸ್ತ್ರವೂ ನಮ್ಮ ಜನಕ್ಕೆ ಹೆಚ್ಚುಕಡಿಮೆ ಒಂದೇ ಹೊತ್ತಿಗೆ ಸಿಕ್ಕಿದವು. ಮುಂದೆ ‘ರಾಜ್ಯಾಂಗ ತತ್ತ್ವಗಳು’ ಬಂತು. ಹೀಗೆ ಇಂಗ್ಲಿಷಿನಲ್ಲಿ ಅಧಿಕಾರಸ್ಥರಿಗೆ ಬರೆದ ಮನುಷ್ಯ ಅರವತ್ತು ದಾಟಿದ ಮೇಲೆ ಕನ್ನಡದಲ್ಲಿ ಮತದಾರನಿಗೆ ಬರೆದರು. ಓದುಗ ಬದಲಾದ, ಏಕೆಂದರೆ ಅಧಿಕಾರ ಕೈ ಬದಲಾಯಿಸಿತ್ತು. ಅವರ ವೃತ್ತಿಜೀವನದಲ್ಲಿ ನನಗೆ ಅತ್ಯಂತ ಅರ್ಥಪೂರ್ಣವಾಗಿ ಕಾಣುವ ತಿರುವು ಇದು. ಬಸವನಗುಡಿಯ ಆ ಓದುಗೋಷ್ಠಿಗೆ ಗಣಿಯ ಲೈನಿನಿಂದ ಯಾರು ಹೋಗಿ ಕೂರಬಲ್ಲವರಾಗಿದ್ದರು ಎಂಬ ಪ್ರಶ್ನೆಯೂ ನನ್ನನ್ನು ಬಿಟ್ಟಿಲ್ಲ. ಅಂಥ ಒಂದು ಓದುವ ಮನೆ ಬಂಗಾರಪೇಟೆಯಲ್ಲೋ, ರಾಬರ್ಟ್‌ಸನ್‌ಪೇಟೆಯಲ್ಲೋ ಇದ್ದಿದ್ದರೆ 2001ರ ಫೆಬ್ರವರಿ ಕೊನೆಗೆ ಗಣಿ ಮುಚ್ಚಿದಾಗ ಕಾರ್ಮಿಕರ ಪರವಾಗಿ ಕಾಗದ ಹಿಡಿದು ವಾದಿಸುವ ಕೈಗಳು ಇನ್ನಷ್ಟು ಇರುತ್ತಿದ್ದವು.

ಸಂಪ್ರದಾಯದ ಪರ ಬರೆಯುವವನ ಕೆಲಸ ಏನೆಂಬುದನ್ನು ಇವತ್ತಿನ ಒಂದು ಸಂಗತಿ ಇಟ್ಟುಕೊಂಡು ನೋಡೋಣ. ಈ ಹೋಬಳಿಯಲ್ಲಿ ರಾಗಿ ತೆನೆ ಬಲಿಯುವ ಹೊತ್ತಿಗೆ ಆನೆ ಬರುತ್ತದೆ. ಗಡಿಯಾಚೆಯ ಕಾಡಿನಿಂದ ರಾತ್ರಿ ಇಳಿದ ಹಿಂಡು ಹೊಲ ದಾಟಿಹೋದರೆ ಬೆಳಿಗ್ಗೆ ಉಳಿಯುವುದು ಒದ್ದೆ ಮಣ್ಣಿನಲ್ಲಿ ಬುಟ್ಟಿಯಗಲದ ಹೆಜ್ಜೆ, ಅದರೊಳಗೆ ಹೂತ ತೆನೆ, ಮುರಿದುಬಿದ್ದ ಡ್ರಿಪ್ ಪೈಪು. ರೈತ ಮೊಬೈಲಿನಲ್ಲಿ ಫೋಟೋ ತೆಗೆಯುತ್ತಾನೆ. ಪಹಣಿ, ಆಧಾರ್, ಬ್ಯಾಂಕ್ ಪಾಸ್‌ಬುಕ್ಕಿನ ಜೆರಾಕ್ಸ್ ಒಂದು ಪ್ಲಾಸ್ಟಿಕ್ ಕವರಿನಲ್ಲಿಟ್ಟು ಅರಣ್ಯ ಇಲಾಖೆಯ ಕಚೇರಿಗೆ ಹೋಗುತ್ತಾನೆ. ಗಾರ್ಡ್ ಬಂದು ಮಹಜರು ಮಾಡಬೇಕು. ಪಹಣಿ ಇನ್ನೂ ತೀರಿಹೋದ ಅಪ್ಪನ ಹೆಸರಿನಲ್ಲಿದ್ದರೆ ಅರ್ಜಿ ಅಲ್ಲೇ ನಿಲ್ಲುತ್ತದೆ. ಗುತ್ತಿಗೆಗೆ ಹೊಲ ಮಾಡಿದವನಿಗೆ ಕಾಗದವೇ ಇಲ್ಲ. ಇತ್ತ ನಮ್ಮ ಸಿಬ್ಬಂದಿ ಪಟಾಕಿ ಹೊಡೆದು ಹಿಂಡನ್ನು ಗಡಿ ದಾಟಿಸುತ್ತಾರೆ, ಅತ್ತಲಿನವರು ಮತ್ತೆ ಇತ್ತ ಅಟ್ಟುತ್ತಾರೆ. ಆನೆಗೆ ಕರ್ನಾಟಕ, ತಮಿಳುನಾಡು, ಆಂಧ್ರ ಎಂಬುದು ಗೊತ್ತಿಲ್ಲ.

ಈ ವಿಷಯದ ಮೇಲೆ ಟಿವಿಯಲ್ಲಿ ಚರ್ಚೆಯಾದರೆ ಏನಾಗುತ್ತದೆ ನೋಡಿದ್ದೀರಿ. ಒಬ್ಬರು ಅರಣ್ಯ ಕಾನೂನನ್ನೇ ಕಿತ್ತುಹಾಕಿ ಎನ್ನುತ್ತಾರೆ, ಇನ್ನೊಬ್ಬರು ರೈತನೇ ಕಾಡು ನುಂಗಿದ ಎನ್ನುತ್ತಾರೆ. ಗಟ್ಟಿ ಸಂಪ್ರದಾಯವಾದಿ ವ್ಯಾಖ್ಯಾನಕಾರ ಒಬ್ಬ ನಮ್ಮಲ್ಲಿದ್ದರೆ ಅವನು ಇಲ್ಲಿಗೆ ಬಂದು ಮೊದಲು ಆ ಪ್ಲಾಸ್ಟಿಕ್ ಕವರಿನೊಳಗಿನ ಕಾಗದಗಳನ್ನು ಓದುತ್ತಾನೆ. ಪರಿಹಾರದ ದರ ನಿಗದಿ ಮಾಡಿದ ಆದೇಶ ಯಾವುದು, ಕೊನೆಯ ಸಲ ಯಾವಾಗ ಪರಿಷ್ಕರಿಸಿದರು, ಮಹಜರಿಗೂ ಹಣ ಬರುವುದಕ್ಕೂ ನಡುವೆ ಎಷ್ಟು ಮೇಜು ದಾಟಬೇಕು, ಮೂರು ರಾಜ್ಯಗಳ ಅಧಿಕಾರಿಗಳು ಒಟ್ಟಿಗೆ ಕೂರುವ ವ್ಯವಸ್ಥೆಯೊಂದು ಇದೆಯೇ ಎಂದು ಕೇಳುತ್ತಾನೆ. ಊರಿನ ಹಿರಿಯರು ಹಿಂದೆ ಕಾವಲು ಹೇಗೆ ಹಂಚಿಕೊಳ್ಳುತ್ತಿದ್ದರು ಎಂದೂ ಕೇಳುತ್ತಾನೆ, ಯಾಕೆಂದರೆ ಹಳೆಯದರಲ್ಲಿ ಕೆಲಸಕ್ಕೆ ಬರುವುದನ್ನು ಹುಡುಕುವುದು ಅವನ ಧರ್ಮ. ಆಮೇಲೆ ಇಂಥ ಕಲಮು ಬದಲಾಯಿಸಿ, ಇಂಥ ಅಧಿಕಾರಿಗೆ ಇಂಥ ಹೊಣೆ ಕೊಡಿ ಎಂದು ಹೆಸರಿಟ್ಟು ಬರೆಯುತ್ತಾನೆ. ಇದು ಸಣ್ಣ ಸುಧಾರಣೆ. ಆದರೆ ಬರುವ ಸುಗ್ಗಿಯೊಳಗೆ ಆಗಬಲ್ಲದ್ದು. ನಿಧಾನದ ಪರ ವಾದಿಸುವವನಿಗೆ ಆತುರ ಇರಬೇಕಾದದ್ದು ಇಲ್ಲಿ. ದೊಡ್ಡ ಬದಲಾವಣೆ ಬೇಡ ಎಂದು ಹೇಳಿದ ಮೇಲೆ ಸಣ್ಣ ಬದಲಾವಣೆಯನ್ನು ಇವತ್ತೇ ಮಾಡಿಸುವ ಋಣ ಅವನ ಮೇಲಿದೆ. ಅದನ್ನು ತೀರಿಸದಿದ್ದರೆ, ಅವನು ಉಳಿಸಬೇಕೆಂದಿದ್ದ ವ್ಯವಸ್ಥೆ ಎದುರಾಳಿಯ ಕೈಯಿಂದಲ್ಲ, ಜನರ ಬೇಸರದಿಂದಲೇ ಬೀಳುತ್ತದೆ. ಮೈಸೂರಿನ ಅರಸೊತ್ತಿಗೆ ಹೋದದ್ದೂ ಬಹುಮಟ್ಟಿಗೆ ಹಾಗೆಯೇ.

ಪ್ರಬಂಧ ಮಂಡಿಸುವವರಲ್ಲಿ ನನ್ನ ಕೋರಿಕೆ ಇಷ್ಟು. ‘ಕರ್ನಾಟಕ’ ಪತ್ರಿಕೆಯ ಸಂಚಿಕೆಗಳನ್ನು ಡಿಜಿಟಲ್ ರೂಪಕ್ಕೆ ತರುವ ಕೆಲಸಕ್ಕೆ ಈ ಸಭೆ ಒಂದು ಸಮಿತಿ ರಚಿಸಬೇಕು. ಡಿವಿಜಿಯವರ ಇಂಗ್ಲಿಷ್ ರಾಜಕೀಯ ಲೇಖನಗಳಲ್ಲಿ, ಸಂಸ್ಥಾನದ ಪ್ರಜೆಗಳ ಹಕ್ಕಿನ ಬಗ್ಗೆ ಇರುವಂಥವು ಕನ್ನಡಕ್ಕೆ ಬರಬೇಕು. ಕೆಜಿಎಫ್‌ನ ಕಾರ್ಮಿಕ ಚಳವಳಿಯ ಕರಪತ್ರಗಳು ತಮಿಳಿನಲ್ಲಿವೆ, ತೆಲುಗಿನಲ್ಲಿವೆ. ಅವನ್ನೂ ಇದೇ ಮೇಜಿನ ಮೇಲಿಟ್ಟು ಓದಬೇಕು. ಒಂದೇ ವರ್ಷದ ಸಂಪಾದಕೀಯವನ್ನೂ ಕರಪತ್ರವನ್ನೂ ಅಕ್ಕಪಕ್ಕ ಇಟ್ಟು ಬರೆದ ಒಂದು ಪ್ರಬಂಧ ಹುಟ್ಟಿದರೂ ನಮ್ಮ ಶ್ರಮ ಸಾರ್ಥಕ. ನಾಳೆ ಮಧ್ಯಾಹ್ನದ ಗೋಷ್ಠಿಗೆ ಬರುವ ತಾಲ್ಲೂಕು ವರದಿಗಾರರು ಬೆಳೆ ಪರಿಹಾರದ ಆದೇಶದ ಪ್ರತಿಯನ್ನು ಜೊತೆಗೆ ತಂದರೆ, ವಿದ್ಯಾರ್ಥಿಗಳ ಜೊತೆ ಕೂತು ಅದನ್ನು ಸಾಲು ಸಾಲಾಗಿ ಓದಲು ನಾನು ಸಿದ್ಧನಿದ್ದೇನೆ. ಮೊದಲ ಗೋಷ್ಠಿಯವರಿಗೆ ಸಮಯ ಬಿಟ್ಟುಕೊಡಬೇಕು.